ಮದ್ದು ಎಂಬುದಕ್ಕೆ ಒಂದೇ ಅರ್ಥ

ಪದಗಳಿಗೆಲ್ಲ ಒಂದೊಂದೇ ಅರ್ಥ ಇದ್ದಿದ್ದರೆ ನಮ್ಮಂಥವರಿಗೆ ಕೆಲಸವೇ ಇರುತ್ತಿರಲಿಲ್ಲ. ನಾನು ಮಾದೇಶ, ಕೊಳ್ಳೇಗಾಲದ ಕಡೆಯವನು, ನಿಘಂಟಿನವನು. ಒಂದು ಪದಕ್ಕೆ ಏಳು ಅರ್ಥ ಹುಡುಕಿ ಕೊಟ್ಟು ಶಭಾಷ್ ಎನ್ನಿಸಿಕೊಂಡವನು ನಾನು. ಅಂಥವನೇ ಒಂದು ಮಧ್ಯಾಹ್ನ, ಊಟದ ಹೊತ್ತಾಯಿತಲ್ಲ ಎಂಬ ಅವಸರದಲ್ಲಿ, ಒಂದು ಪದಕ್ಕೆ ಒಂದೇ ಅರ್ಥ ಸಾಕು ಎಂದು ಗುರುತು ಹಾಕಿದೆ. ಅದರ ಕಥೆ ಇದು. ಕಾಗದದ ಮೇಲೆ ಪೆನ್ನಿನಲ್ಲಿ ಬರೆಯುತ್ತಿದ್ದೇನೆ. ಬಾಯಲ್ಲಿ ಹೇಳಿದರೆ ಏನಾಗುತ್ತದೆ ಎಂಬುದನ್ನು ಒಮ್ಮೆ ನೋಡಿ ಆಗಿದೆ.

ಮೊದಲು ನಮ್ಮ ಮನೆಯ ಒಂದು ತಮಾಷೆ ಹೇಳಬೇಕು. ನನ್ನ ಹೆಂಡತಿ ಜಲಜ ಕುಂದಾಪುರದ ಕಡೆಯ ಮೀನುಗಾರರ ಮನೆಯವಳು. ಮದುವೆಯಾಗಿ ನಮ್ಮೂರಿಗೆ ಬಂದ ಮೂರನೇ ದಿನ ನನಗೆ ಜ್ವರ. ಅವಳು ಡಾಕ್ಟರು ಬರೆದುಕೊಟ್ಟ ಮಾತ್ರೆ ನುಂಗಿಸಿ, ಜಗಲಿಯಲ್ಲಿ ಅಕ್ಕಿ ಕೇರುತ್ತಿದ್ದ ನನ್ನ ಅವ್ವನ ಹತ್ತಿರ ಹೋಗಿ, “ಅತ್ತೆ, ಅವ್ರಿಗೆ ಮದ್ದ್ ಕೊಟ್ಟೆ. ಇನ್ನ್ ಹೆದ್ರಿಕಿ ಇಲ್ಲೆ,” ಅಂದಳು.

ಅವ್ವನ ಕೈಯಿಂದ ಮೊರ ಬಿತ್ತು. “ಅಯ್ಯಯ್ಯೋ, ನನ್ ಮಗಂಗೆ ಮದ್ದಿಕ್ಬುಟ್ಲಲ್ಲಪ್ಪೋ!” ಎಂದು ಬೀದಿಗೆ ಓಡಿದಳು. ಅರ್ಧ ಊರು ಸೇರಿತು. ನಮ್ಮ ಕಡೆ ಮದ್ದಿಕ್ಕುವುದು ಎಂದರೆ ಗಂಡನನ್ನು ಕೈವಶ ಮಾಡಿಕೊಳ್ಳಲು ಅನ್ನದಲ್ಲಿ ಏನೋ ಕಲಸಿ ಹಾಕುವುದು. ಇನ್ನೊಂದು ಮದ್ದು ಬಂಡೆ ಸಿಡಿಸುವುದಕ್ಕೆ, ಪಟಾಕಿಗೆ ತುಂಬುವುದಕ್ಕೆ. ಕರಾವಳಿಯವರಿಗೋ, ಕೆಮ್ಮಿಗೆ ಕುಡಿಯುವುದೂ ಮದ್ದು, ಗಾಯಕ್ಕೆ ಹಚ್ಚುವುದೂ ಮದ್ದು, ಮಗುವಿನ ಬಾಯಿಗೆ ಹಾಕುವ ಹನಿಯೂ ಮದ್ದು. ಅವ್ವನಿಗೆ ಇದನ್ನು ತಿಳಿಸಿ ಹೇಳುವಷ್ಟರಲ್ಲಿ ನನ್ನ ಜ್ವರವೇ ಬಿಟ್ಟುಹೋಗಿತ್ತು.

ಮೂವತ್ತು ವರ್ಷ ನಾನು ಈ ಕಥೆಯನ್ನು ಹೋದಲ್ಲಿ ಬಂದಲ್ಲಿ ಹೇಳಿ ನಗಿಸಿದ್ದೇನೆ. ನನಗೆ ಬಿ.ಪಿ. ಶುರುವಾದ ಮೇಲೆ ಜಲಜ ದಿನಾ ಬೆಳಗ್ಗೆ ತಿಂಡಿಯಾದ ಕೂಡಲೇ, “ಹ್ವಾಯ್, ಮದ್ದ್ ತಕಂಡ್ರ್ಯಾ?” ಎಂದು ಕೇಳುತ್ತಿದ್ದಳು. ನಾನು, “ಇಕ್ಕಮ್ಮಿ, ಒಸಿ ಜಾಸ್ತೀನೇ ಇಕ್ಕು,” ಅನ್ನುತ್ತಿದ್ದೆ. ದಿನಾ ಅದೇ ಮಾತು, ದಿನಾ ಅದೇ ನಗು.

ಇನ್ನು ಕಿವಿಯ ವಿಚಾರ. ಯುದ್ಧ ಶುರುವಾದಾಗ ನಾವು ಬೈಂದೂರಿನ ಆಚೆ ಗುಡ್ಡದ ಮೇಲಿನ ಆಲಿಕೆ ಕೇಂದ್ರದ ಕ್ವಾರ್ಟರ್ಸಿನಲ್ಲಿದ್ದೆವು. ಕಡಲಿನಲ್ಲಿ ಆಗಲೇ ಹನ್ನೊಂದು ತೇಲೂರುಗಳಿದ್ದವು. ಕಡಲ್ಕೊರೆತಕ್ಕೆ ಮನೆ ಕಳೆದುಕೊಂಡ ಮೀನುಗಾರರನ್ನು ಸರ್ಕಾರವೇ ತೇಲುವ ಉಕ್ಕಿನ ತಟ್ಟೆಗಳ ಮೇಲೆ ಊರು ಕಟ್ಟಿ ಕೂರಿಸಿತ್ತು. ಆಮೇಲೆ ಅವುಗಳ ಕೆಳಗೇ ಬೆಲೆಬಾಳುವ ಅದಿರು ಸಿಕ್ಕಿತು. ಏಳಿ ಅಂದರು. ಅವರು ಏಳಲಿಲ್ಲ. ಅಷ್ಟೇ, ಯುದ್ಧಕ್ಕೆ ಇನ್ನೇನು ಬೇಕು?

ಮನುಷ್ಯ ಕೋಣೆಯೊಳಗೆ ಮಾತಾಡಿದರೆ ಗೋಡೆ ಕೂದಲೆಳೆಯಷ್ಟು ನಡುಗುತ್ತದೆ. ತೇಲೂರಿನ ಗೋಡೆಯೆಂದರೆ ಉಕ್ಕಿನ ತಗಡು. ಅದರ ಬುಡ ನೀರಿನಲ್ಲಿದೆ. ಆ ನಡುಕವನ್ನು ನೀರು ಬಹುದೂರ ಒಯ್ಯುತ್ತದೆ. ಸಮುದ್ರದ ತಳದಲ್ಲಿ ಹಾಸಿದ ಗಾಜಿನ ಎಳೆಗಳು ಅದನ್ನು ಹಿಡಿಯುತ್ತಿದ್ದವು. ಯಂತ್ರ ಅಲೆಯ ಸದ್ದು, ಮೋಟಾರಿನ ಸದ್ದು ಎಲ್ಲ ಸೋಸಿ ಮಾತನ್ನು ಮಾತ್ರ ಉಳಿಸುತ್ತಿತ್ತು. ಅದಕ್ಕೇ ಅದರ ಹೆಸರು ಕಿವಿ.

ಉಳಿದ ಮಾತನ್ನು ಕಂಟ್ರೋಲ್ ರೂಮಿನವರು ಓದಬೇಕಲ್ಲ? ಅವರು ಹತ್ತು ಕಡೆಯಿಂದ ಬಂದವರು, ಕುಂದಾಪುರದ ಕನ್ನಡ ಯಾರಿಗೂ ಬಾರದು. ಆದ್ದರಿಂದ ಕಿವಿಯೇ ಎಲ್ಲ ಬಗೆಯ ಕನ್ನಡವನ್ನೂ ಒಂದೇ ಬಗೆಯ ಸರ್ಕಾರಿ ಕನ್ನಡಕ್ಕೆ ತಿರುಗಿಸಿ ತೆರೆಯ ಮೇಲೆ ಹಾಕುತ್ತಿತ್ತು. ನಾವು ಅದನ್ನು ಕಡತಗನ್ನಡ ಎಂದು ಗೇಲಿ ಮಾಡುತ್ತಿದ್ದೆವು. ತಿರುಗಿಸಲು ಬೇಕಾದ ಪದಪಟ್ಟಿ ಮಾಡಿದ್ದು ನಾನಿದ್ದ ನಿಘಂಟಿನ ವಿಭಾಗ, ನಮ್ಮ ಮೇಜು. ನಮ್ಮ ಮುಖ್ಯಸ್ಥ ಶಿವಯೋಗಪ್ಪ, ಬೀದರಿನ ಕಡೆಯವನು, ಕೆಟ್ಟವನಲ್ಲ.

“ಮಾದೇಶ ಅವರ, ಒಂದ ಪದಕ್ಕ ಒಂದ ಅರ್ಥ. ಎರಡ ಅರ್ಥ ಕೊಟ್ಟರ ಮಿಷನ್ ತಡವರಸತದ. ಅದು ತಡವರಸೂದ್ರಾಗ ಅವರು ಹೊಡದ ಹೋಗತಾರ. ಲಗೂನ ಮುಗಸ್ರಿ,” ಅಂದ.

‘ಮದ್ದು’ ಬಂತು. ಎದುರಿಗೆ ಎರಡು ಚೌಕ: ಔಷಧ, ಸ್ಫೋಟಕ. ನಾನು ಶಿವಯೋಗಪ್ಪನನ್ನು ಕರೆದು, “ಸಾರ್, ಇಲ್ಲಿಯವರಿಗೆ ಇದು ಔಷಧ,” ಅಂದೆ. ಹೌದು, ಅಂದೆ. ಆದರೆ ಹೇಗೆ ಅಂದೆ? ನಗುನಗುತ್ತಾ, ಅವ್ವನ ಕಥೆಯನ್ನೂ ಸೇರಿಸಿ ಅಂದೆ. ಮೇಜಿನವರೆಲ್ಲ ಹೊಟ್ಟೆ ಹಿಡಿದುಕೊಂಡು ನಕ್ಕರು. ಶಿವಯೋಗಪ್ಪ ಕಣ್ಣೊರೆಸಿಕೊಂಡು, “ಛಲೋ ಅದ. ಆದರ ಅಪಾಯದ ಅರ್ಥನ ಇರಲಿ. ಔಷಧಕ್ಕ ಸ್ಫೋಟಕ ಅಂದ್ರ ಏನೂ ಹಾಳಾಗೂದಿಲ್ಲ, ಸ್ಫೋಟಕಕ್ಕ ಔಷಧ ಅಂದ್ರ ನಮ್ಮ ಮಂದಿ ಸಾಯತಾರ,” ಅಂದ.

ಕೇಳಲು ಸರಿಯಾಗಿಯೇ ಇತ್ತು. ನಾನು ಸ್ಫೋಟಕದ ಚೌಕಕ್ಕೆ ಗುರುತು ಹಾಕಿ ಊಟಕ್ಕೆ ಹೋದೆ. ಅವತ್ತು ಮನೆಯಲ್ಲಿ ಬಂಗುಡೆ ಸಾರು. ಎರಡು ಸಲ ಹಾಕಿಸಿಕೊಂಡು ತಿಂದೆ.

ಐದು ತಿಂಗಳಾದ ಮೇಲೆ ಪಡುತೇಲೂರಿನ ಬಲೆ ಒಣಗಿಸುವ ಶೆಡ್ಡಿನ ಮೇಲೆ ಕ್ಷಿಪಣಿ ಬಿತ್ತು. ಬೆಳಗ್ಗೆ ಹತ್ತು ಗಂಟೆ ಹತ್ತು ನಿಮಿಷಕ್ಕೆ. ನಾನು ಕಂಟ್ರೋಲ್ ರೂಮಿನಲ್ಲೇ ಇದ್ದೆ, ಯಾವುದೋ ಪದದ ಕಾಗುಣಿತ ತಿದ್ದಲು ಹೋಗಿದ್ದೆ. ಹಿಂದಿನ ದಿನದಿಂದ ತೆರೆಯ ಮೇಲೆ ಕೆಂಪು ಅಕ್ಷರದಲ್ಲಿ ಒಂದು ಸಾಲು ನಿಂತಿತ್ತು: “ಸ್ಫೋಟಕ ತಲುಪಿದೆ. ನಾಳೆ ಹತ್ತಕ್ಕೆ ಎಲ್ಲರೂ ಶೆಡ್ಡಿಗೆ ಬರತಕ್ಕದ್ದು. ಸಣ್ಣವು ಮೊದಲು, ದೊಡ್ಡವು ಕೊನೆಗೆ.” ಬಿದ್ದ ಮೇಲೆ ರೂಮಿನಲ್ಲಿ ಚಪ್ಪಾಳೆ ತಟ್ಟಿದರು. ನಾನೂ ತಟ್ಟಿದೆ. ಸುಳ್ಳೇಕೆ ಹೇಳಲಿ?

ಮೂರು ದಿನ ಬಿಟ್ಟು ಶಿವಯೋಗಪ್ಪ ನನ್ನನ್ನು ಕರೆದು, ಆ ಸಾಲನ್ನು ತಾಳೆ ನೋಡಲು ಕೈಗೆ ಹೆಡ್‌ಫೋನ್ ಕೊಟ್ಟ. ಮೂಲ ಧ್ವನಿ ಕೇಳುವ ಅನುಮತಿ ನಮ್ಮ ಮೇಜಿಗೆ ಮಾತ್ರ ಇತ್ತು. ಹೆಂಗಸಿನ ಧ್ವನಿ, ಎಳೇ ಧ್ವನಿ, ಬಾಗಿಲಿಂದ ಬಾಗಿಲಿಗೆ ಕೂಗಿಕೊಂಡು ಹೋಗುತ್ತಿದ್ದಾಳೆ. “ಹ್ವಾಯ್, ಮದ್ದ್ ಬಂದಿತ್. ನಾಳೆ ಹತ್ತ್ ಗಂಟಿಗೆ ಎಲ್ರನ್ನೂ ಶೆಡ್ಡಿಗೆ ಕರ್ಕಂಡ್ ಬನ್ನಿ. ಸಣ್ಣವ್ ಮೊದ್ಲ್, ದೊಡ್ಡವ್ ಕಡಿಗೆ.”

ಅವಳ ಹೆಸರು ಸುಗಂಧಿ, ತೇಲೂರಿನ ನರ್ಸು. ಅಲ್ಲಿ ಮಕ್ಕಳಿಗೆ ಗಂಟಲು ಕಟ್ಟುವ ಜ್ವರ ಹಬ್ಬಿತ್ತು, ನಾಲ್ಕು ವಾರ ಕಾದ ಮೇಲೆ ಔಷಧ ತಲುಪಿತ್ತು. ಇದೆಲ್ಲ ನನಗೆ ಆಮೇಲೆ ತಿಳಿದದ್ದು. ಆದರೆ ಆ ಧ್ವನಿ ಕೇಳಿದ ಕೂಡಲೇ ತಿಳಿಯಬೇಕಾದದ್ದು ತಿಳಿದುಹೋಯಿತು. ಅದು ಯುದ್ಧದ ಮಾತಾಗಿರಲಿಲ್ಲ, ನಮ್ಮ ಅಡುಗೆಮನೆಯ ಮಾತಾಗಿತ್ತು. ಹೆಡ್‌ಫೋನ್ ತೆಗೆದು ಮೇಜಿನ ಮೇಲಿಟ್ಟೆ.

“ಪಟ್ಟಿ ಪ್ರಕಾರ ಸರಿ ಅದನೋ ಇಲ್ಲೋ, ಅಷ್ಟ ಬರೀರಿ,” ಎಂದ ಶಿವಯೋಗಪ್ಪ. ನನ್ನ ಮುಖ ನೋಡದೆ ಕಾಗದ ಮುಂದೆ ತಳ್ಳಿದ. ‘ಪಟ್ಟಿಯ ಪ್ರಕಾರ ಸರಿಯಾಗಿದೆ’ ಎಂದು ಬರೆದು ಸಹಿ ಹಾಕಿದೆ. ಪಟ್ಟಿಯ ಪ್ರಕಾರ ಸರಿಯಾಗಿಯೇ ಇತ್ತಲ್ಲ, ಥೂ!

ಯುದ್ಧ ಮುಗಿಯಿತು. ಕಿವಿ ಮುಗಿಯಲಿಲ್ಲ. ಅಷ್ಟು ಒಳ್ಳೆಯ ಯಂತ್ರವನ್ನು ಸುಮ್ಮನೆ ಬಿಡುವುದುಂಟೇ? ಆಸ್ಪತ್ರೆಯಲ್ಲಿ ಚೀಟಿ ಬರೆಯಲು, ಬಸ್ ಸ್ಟ್ಯಾಂಡಿನಲ್ಲಿ ದೂರು ಬರೆಯಲು, ಕಚೇರಿಗಳಲ್ಲಿ ಕಡತ ಬರೆಯಲು ಅದನ್ನೇ ಕೂರಿಸಿದರು, ಅದೇ ಪದಪಟ್ಟಿಯ ಸಮೇತ. ಕುಂದಾಪುರದ ಆಸ್ಪತ್ರೆಗಳಲ್ಲಿ ಮುದುಕಿಯರು ಮದ್ದು ಕೇಳಿದರೆ ಕಾವಲಿನವರು ಓಡಿ ಬರುತ್ತಿದ್ದರು. ಒಂದೆರಡು ಸಲ ಹಾಗಾದ ಮೇಲೆ ಜನರೇ ಬದಲಾದರು. ಔಷಧಿ, ಔಷಧಿ ಎಂದು ನಾಲಿಗೆ ತಿರುಗಿಸಿಕೊಂಡು ಹೇಳುವುದನ್ನು ಕಲಿತರು. ಜಲಜ ಮಾತ್ರ ಕೇಳಲಿಲ್ಲ. “ಹೊರ್ಗೆ ಬೇಕಾರೆ ಹೇಳುವ. ನಮ್ಮನಿ ಒಳ್ಗೆ ನನ್ ಬಾಯಿ ನಂದೇ,” ಅನ್ನುತ್ತಿದ್ದಳು.

ಪಡುತೇಲೂರಿನಲ್ಲಿ ಸತ್ತವರು, ಸುಗಂಧಿಯೂ ಸೇರಿ, ನೂರಾ ನಲವತ್ತಾರು ಜನ, ಅದರಲ್ಲಿ ನೂರಾ ಹದಿನೇಳು ಮಕ್ಕಳು. ಸರ್ಕಾರದ ಕಡತದಲ್ಲಿ ಆ ಶೆಡ್ಡು ‘ಸ್ಫೋಟಕ ಸಂಗ್ರಹಾಗಾರ’. ಸುಗಂಧಿ ‘ಸ್ಫೋಟಕ ವಿತರಕಿ’. ಅವಳ ತಾಯಿ ಗುಲಾಬಿಯಕ್ಕ ಇನ್ನಷ್ಟು ತಾಯಂದಿರನ್ನು ಕಟ್ಟಿಕೊಂಡು ಸೋಮವಾರ ಸೋಮವಾರ ಜಿಲ್ಲಾ ಕಚೇರಿಯ ಮೆಟ್ಟಿಲ ಮೇಲೆ ಕೂರಲು ಶುರುಮಾಡಿದಳು. ಒಬ್ಬೊಬ್ಬರ ಮುಂದೂ ಒಂದೊಂದು ಖಾಲಿ ಔಷಧದ ಬಾಟ್ಲಿ. ಅವರು ಪರಿಹಾರ ಕೇಳಲಿಲ್ಲ, ಯಾರನ್ನೂ ಜೈಲಿಗೆ ಹಾಕಿ ಎನ್ನಲಿಲ್ಲ. ಕಡತದಲ್ಲಿ ಒಂದು ಪದ ಬದಲಾಯಿಸಿ ಅಂದರು. ಸ್ಫೋಟಕ ಎಂದಿರುವಲ್ಲಿ ಔಷಧ ಎಂದು ಬರೆಯಿರಿ, ನಮ್ಮ ಮಕ್ಕಳು ಮಕ್ಕಳಾಗಿ ಸತ್ತರು ಎಂದಾಗಲಿ. ಪೇಪರಿನವರು ‘ಬಾಟ್ಲಿ ಹೆಂಗಸರು’ ಎಂದು ಚುಡಾಯಿಸಿದರು. ನೋಡನೋಡುತ್ತ ಅವರ ಹಿಂದೆ ಕಾಲೇಜಿನವರು ಬಂದು ಕೂತರು, ಯುದ್ಧದಲ್ಲಿ ಕಾಲು ಕಳೆದುಕೊಂಡು ಬಂದ ಸೈನಿಕರೂ ಬಂದರು. ಎರಡನೇ ವರ್ಷದಲ್ಲಿ ಜಲಜಳೂ ಒಂದು ಬಾಟ್ಲಿ ಹಿಡಿದು ಹೊರಟಳು. ನನ್ನ ಬಿ.ಪಿ. ಮಾತ್ರೆಯದೇ ಬಾಟ್ಲಿ.

ಮೂರನೇ ವರ್ಷ ಸರ್ಕಾರ ಮಣಿದು ಒಂದು ಆಯೋಗ ಮಾಡಿತು. ಆ ಸೋಮವಾರ ಮಧ್ಯಾಹ್ನ ಜಲಜ ಕಾಲು ತೊಳೆದುಕೊಂಡು ಒಳಗೆ ಬರುತ್ತಲೇ ಹೇಳಿದಳು, “ಮೂಲ ಧ್ವನಿ ಕೇಂಡವ್ರ್ ಒಬ್ರಾರೂ ಬಂದ್ ಹೇಳ್ಕ್ ಅಂಬ್ರ್. ಸುಗಂಧಿ ಮದ್ದ್ ಅಂದದ್ದ್ ಹೌದ್ ಅಂತ. ಯಾರ್ ಬತ್ರ್, ಹೇಳಿ? ಆ ಕೇಂದ್ರದ್ ಒಳ್ಗೆ ಇದ್ದವ್ರಿಗೆ ಮನ್ಸ್ ಅಂಬುದ್ ಇದ್ದಿದ್ರೆ...”

ಅಲ್ಲಿಯವರೆಗೂ ನಾನು ಕೇಂದ್ರದಲ್ಲಿ ಕಾಗುಣಿತ ತಿದ್ದುತ್ತಿದ್ದೆ ಎಂದಷ್ಟೇ ಅವಳಿಗೆ ಗೊತ್ತಿತ್ತು. ನಾನು ಊಟದ ತಟ್ಟೆಯ ಮುಂದೆ ಕೂತಲ್ಲೇ ಎಲ್ಲ ಹೇಳಿದೆ. ಎರಡು ಚೌಕ, ಗುರುತು, ಹೆಡ್‌ಫೋನು, ಸಹಿ.

ಜಲಜ ನಿಂತೇ ಇದ್ದಳು. ಬಾಟ್ಲಿ ಹಿಡಿದುಕೊಂಡೇ, “ನಿಮ್ಮ ಅಮ್ಮನ ಕಥಿ? ಅದ್ ನೆನ್ಪ್ ಆಯ್ಲಿಲ್ಯಾ?” ಅಂದಳು.

“ಆಯ್ತು ಕಣಮ್ಮಿ. ಅಲ್ಲಿ ಕೂತು ಅದನ್ನ ಹೇಳೂ ಹೇಳ್ದೆ. ಎಲ್ರೂ ನಕ್ಕರು.”

ನೆನಪಾಗಲಿಲ್ಲ ಎಂದಿದ್ದರೆ ಅವಳು ಕ್ಷಮಿಸುತ್ತಿದ್ದಳೇನೋ. ಅವಳು ಬಾಟ್ಲಿಯನ್ನು ಕಪಾಟಿನ ಮೇಲಿಟ್ಟು, ನನ್ನ ಕಡೆ ತಿರುಗದೆ, “ಹೋಯಿ ಹೇಳಿ ಬನ್ನಿ. ಗುಲಾಬಿಯಕ್ಕನ ಎದ್ರಿಗೇ ಹೇಳ್ಕ್,” ಎಂದಳು. ಅಷ್ಟಾದರೂ ಮರುದಿನ ಬೆಳಗ್ಗೆ ಕೇಳುವುದನ್ನು ಬಿಡಲಿಲ್ಲ. ದನಿ ಒರಟಾಗಿತ್ತು, ಮುಖ ಆಚೆ ಇತ್ತು, ಆದರೂ “ಮದ್ದ್ ತಕಂಡ್ರ್ಯಾ?” ಅಂದಳು. ನಾನು ಹೂಂ ಎಂದೆನೇ ಹೊರತು ಹಳೇ ತಮಾಷೆ ಆಡಲಿಲ್ಲ.

ಆಯೋಗ ಸೇರಿದ್ದು ಕುಂದಾಪುರದ ಒಂದು ಸಭಾಭವನದಲ್ಲಿ. ಅಧ್ಯಕ್ಷರು ಮುದುಕರು, ಒಳ್ಳೆಯವರು. ಮಂಗಳೂರಿನಲ್ಲಿ ಓದಿದವರಂತೆ. ಮೊದಲ ಸಾಲಿನಲ್ಲಿ ಗುಲಾಬಿಯಕ್ಕ, ಪಕ್ಕದಲ್ಲಿ ಜಲಜ. ವೇದಿಕೆಯ ಮೇಲೆ ದೊಡ್ಡ ತೆರೆ. ಅದನ್ನು ನೋಡಿದ ಕೂಡಲೇ ಬಾಗಿಲಲ್ಲೇ ನಿಂತುಬಿಟ್ಟೆ. ಅಕ್ಷರದ ಆಕಾರ ನೋಡಿಯೇ ಗೊತ್ತಾಯಿತು. ಆಯೋಗದ ಕಡತ ಬರೆಯುತ್ತಿದ್ದದ್ದೂ ಕಿವಿಯೇ.

ನಿಂತು ಪ್ರಮಾಣ ಮಾಡಿ ಹೇಳಿದೆ. “ನಾನು ಮೂಲ ಧ್ವನಿ ಕೇಳಿದ್ದೇನೆ. ಸುಗಂಧಿ ಅನ್ನುವ ಆ ಹೆಣ್ಣುಮಗಳು ಹೇಳಿದ್ದು ‘ಮದ್ದು ಬಂದಿದೆ’ ಅಂತ. ಈ ಕಡೆ ಮದ್ದು ಅಂದರೆ ಔಷಧ. ತಪ್ಪು ಗುರುತು ಹಾಕಿದವನು ನಾನು.”

ತೆರೆಯ ಮೇಲೆ ಸಾಲು ಮೂಡಿತು: “ಆಕೆ ಹೇಳಿದ್ದು ‘ಸ್ಫೋಟಕ ಬಂದಿದೆ’ ಎಂದು. ಈ ಕಡೆ ಸ್ಫೋಟಕ ಎಂದರೆ ಔಷಧ.” ಪಕ್ಕದಲ್ಲಿ ಹಳದಿ ಗುರುತು: ಹೇಳಿಕೆ ಅಸಂಬದ್ಧ.

ಹಿಂದೆ ಯಾರೋ ಕಿಸಕ್ಕೆಂದು ನಕ್ಕರು. ಅಧ್ಯಕ್ಷರು ಮುಂದಕ್ಕೆ ಬಾಗಿ ಮೆಲ್ಲನೆ, “ನನಗೆ ಅರ್ಥವಾಯಿತು. ಆದರೆ ಕಡತಕ್ಕೆ ಹೋಗದೆ ಇದ್ದದ್ದು ಸಾಕ್ಷ್ಯವಲ್ಲ. ಬೇರೆ ಪದದಲ್ಲಿ ಹೇಳಿ ನೋಡೋಣ,” ಅಂದರು.

“ಆಕೆ ಹೇಳಿದ್ದರ ಅರ್ಥ ಔಷಧ. ಔಷಧ ಬಂದಿದೆ ಎಂದೇ ಆಕೆ ಹೇಳಿದ್ದು.”

ಈ ಸಲ ಸಾಲು ಸರಿಯಾಗಿ ಮೂಡಿತು. ಮೂಡಿದ ಮರುಕ್ಷಣ ಅದರ ಕೆಳಗೆ ಕೆಂಪು ಸಾಲು: “ಮೊಹರು ಮಾಡಿದ ಮೂಲ ಧ್ವನಿಯೊಂದಿಗೆ ತಾಳೆ ನೋಡಲಾಗಿದೆ. ಮೂಲದಲ್ಲಿ ‘ಔಷಧ’ ಎಂಬ ಪದ ಇಲ್ಲ. ಹೇಳಿಕೆ ಸುಳ್ಳು.”

ಇಲ್ಲವೇ ಇಲ್ಲ, ಎಲ್ಲಿಂದ ಬಂದೀತು? ಸುಗಂಧಿ ಆ ಪದ ಬಳಸಿದವಳೇ ಅಲ್ಲ. ಅವಳ ಪದವನ್ನು ಹೇಳಿದರೆ ಸ್ಫೋಟಕವಾಗುತ್ತದೆ, ನನ್ನ ಪದವನ್ನು ಹೇಳಿದರೆ ಸುಳ್ಳಾಗುತ್ತದೆ. ಅಕ್ಷರ ಬಿಡಿಸಿ ಹೇಳಿದೆ: ಮ, ದಕ್ಕೆ ದ ಒತ್ತು, ಉ. ಕಿವಿ ಬಲು ಜಾಣತನದಿಂದ ಜೋಡಿಸಿ ‘ಸ್ಫೋಟಕ’ ಎಂದು ಬರೆಯಿತು. ಕಾಗದದ ಮೇಲೆ ಬರೆದುಕೊಡುತ್ತೇನೆ ಎಂದೆ. ಕಾಗದ ಓದಿ ಕಡತಕ್ಕೆ ಹಾಕುವುದೂ ಅದೇ ಯಂತ್ರ ಎಂದರು. ಪದಪಟ್ಟಿಯನ್ನೇ ತಿದ್ದಿ ಎಂದು ಕೈಮುಗಿದೆ. ಪಟ್ಟಿ ಈ ಪ್ರಕರಣದ ಸಾಕ್ಷಿ, ವಿಚಾರಣೆ ಮುಗಿಯುವ ತನಕ ಅದನ್ನು ಯಾರೂ ಮುಟ್ಟುವಂತಿಲ್ಲ ಎಂದರು. ಎಂಟು ಜಿಲ್ಲೆಯ ಪದ ಬಲ್ಲವನು ನಾನು, ಒಂದು ಪದವನ್ನು ದಾಟಿಸಲಾರದೆ ಹೋದೆ.

ಆಗ ಗುಲಾಬಿಯಕ್ಕ ಎದ್ದಳು. ಜಲಜ ಅವಳ ಸೆರಗು ಹಿಡಿದು, “ಅಕ್ಕ, ಬ್ಯಾಡ, ಕೂಕಣಿ, ಅದ್ ಕೇಂತ್!” ಎಂದು ಎಳೆದಳು. ಯಂತ್ರ ಕೇಳಿಸಿಕೊಂಡರೆ ಏನಾಗುತ್ತದೆಂದು ನನಗೂ ಹೊಳೆಯಿತು. ನಾನು ಬೇಡ ಬೇಡ ಎಂದು ಕೈಬೀಸಿದೆ. ಮೂರು ವರ್ಷ ಮೆಟ್ಟಿಲ ಮೇಲೆ ಕಾದು ಕೂತವಳು ಇನ್ನು ಯಾರ ಮಾತು ಕೇಳುತ್ತಾಳೆ? ಬಾಟ್ಲಿ ಎತ್ತಿ ಹಿಡಿದು ತೆರೆಯ ಕಡೆಗೆ ಕೂಗಿದಳು: “ಮದ್ದ್! ನನ್ನ ಮಗಳ್ ತಂದದ್ದ್ ಮದ್ದ್! ಸಣ್ ಮಕ್ಳಿಗೆ ಹಾಕೂಕೆ ನನ್ನ ಮಗಳ್ ಮದ್ದ್ ತಂದದ್ದ್!”

ತೆರೆಯ ಮೇಲೆ ನಿಧಾನವಾಗಿ, ತಪ್ಪಿಲ್ಲದ ಕಾಗುಣಿತದಲ್ಲಿ ಮೂಡಿತು: “ಸ್ಫೋಟಕ. ನನ್ನ ಮಗಳು ತಂದದ್ದು ಸ್ಫೋಟಕ. ಸಣ್ಣ ಮಕ್ಕಳ ಮೇಲೆ ಹಾಕಲು ನನ್ನ ಮಗಳು ಸ್ಫೋಟಕ ತಂದದ್ದು.” ಕೆಳಗೆ ಹಸಿರು ಗುರುತು: ತಾಯಿಯ ಒಪ್ಪಿಗೆ ಹೇಳಿಕೆ. ಮೂಲದೊಂದಿಗೆ ತಾಳೆಯಾಗಿದೆ.

ಗುಲಾಬಿಯಕ್ಕನಿಗೆ ಓದು ಬಾರದು. ಹಸಿರು ಬಣ್ಣ ಕಂಡು, ಒಪ್ಪಿತು ಎಂದುಕೊಂಡಳು. ಜಲಜಳ ಕೈ ಹಿಡಿದು, “ಬರ್ಕಂಡ್ತಾ? ಬರ್ಕಂಡ್ತ್ ಅಲ್ದಾ?” ಎಂದು ಮತ್ತೆ ಮತ್ತೆ ಕೇಳಿದಳು. ಆ ಮುಖದಲ್ಲಿ ಮೂರು ವರ್ಷದಲ್ಲಿ ಕಾಣದ ಗೆಲುವಿತ್ತು. ಜಲಜ ಅವಳನ್ನು ಮೆಲ್ಲನೆ ಕುರ್ಚಿಯಲ್ಲಿ ಕೂರಿಸಿದಳು. ಅಧ್ಯಕ್ಷರು ಕನ್ನಡಕ ತೆಗೆದು ಒರೆಸಿದರು, ಹಾಕಿಕೊಂಡರು, ಮತ್ತೆ ತೆಗೆದರು. ತಾಯಿಯೇ ಒಪ್ಪಿದ ಮೇಲೆ ಆಯೋಗಕ್ಕೆ ಮುಂದೆ ಕೇಳುವುದಕ್ಕೆ ನಿಯಮವಿಲ್ಲ ಎಂದು ತೆರೆಯೇ ಹೇಳುತ್ತಿತ್ತು. ಅವರು ಸಹಿ ಹಾಕಿದರು. ಅವರನ್ನು ಬೈಯಲು ನನಗೆ ಯಾವ ಮುಖವಿದೆ? ನನ್ನ ಸಹಿಯೂ ಹಾಗೇ ಬಿದ್ದದ್ದು.

ವಾಪಸು ಬರುವಾಗ ಬಸ್ಸಿನಲ್ಲಿ ಜಲಜ ಕಿಟಕಿಯ ಕಡೆ ಕೂತಳು. ಗುಲಾಬಿಯಕ್ಕನಿಗೆ ನಿಜ ಹೇಳಿದೆಯಾ ಎಂದು ಕೇಳಿದೆ. ತಲೆಯಾಡಿಸಿದಳು, ಹೌದೆಂದೋ ಇಲ್ಲವೆಂದೋ ತಿಳಿಯಲಿಲ್ಲ. ಮುಂದಿನ ಸೋಮವಾರದಿಂದ ಮೆಟ್ಟಿಲ ಮೇಲೆ ಕೂರುವುದನ್ನು ನಿಷೇಧಿಸಿದರು. ಒಪ್ಪಿಕೊಂಡ ಅಪರಾಧಕ್ಕೆ ಪ್ರತಿಭಟನೆ ಎಂಥದು ಎಂದರು.

ಆಯೋಗದ ಮಾರನೇ ಬೆಳಗ್ಗೆ ಇಡ್ಲಿ ತಿಂದು ಕೈತೊಳೆದು ಕೂತೆ. ಕಾದೆ. ಬೈದರೂ ಸರಿ, ಮುಖ ತಿರುಗಿಸಿ ಹೇಳಿದರೂ ಸರಿ, ಆ ಒಂದು ಮಾತು ಬಂದರೆ ಸಾಕು ಎಂದು ಕಾದೆ. ಜಲಜ ಮಾತ್ರೆಯನ್ನೂ ನೀರಿನ ಲೋಟವನ್ನೂ ನನ್ನ ಮುಂದೆ ತಂದಿಟ್ಟಳು. ಕಿಟಕಿ ಹಾಕಿದೆಯೇ ಎಂದು ಒಮ್ಮೆ ನೋಡಿದಳು.

“ಔಷಧಿ ತೆಗೆದುಕೊಳ್ಳಿ,” ಅಂದಳು.

ಒಂದು ಅಕ್ಷರವೂ ಅತ್ತಿತ್ತ ಆಗದ ಕಡತಗನ್ನಡ. ನಾನು ತೆಗೆದುಕೊಂಡೆ.